ಬೀಳೋದಕ್ಕೂ ಬಿಡದ ಜನ

ಜನರನ್ನು ನಗಿಸಬೇಕೆಂದು ಹಟ ಹಿಡಿದು ಹೊರಟವರಿಗೆ ಫಜೀತಿಗಳು ಹುಡುಕಿಕೊಂಡು ಬರುತ್ತವೆ. ಚಾಮರಾಜನಗರದಲ್ಲಿ ನನ್ನದೊಂದು ಫೋಟೋ ಸ್ಟುಡಿಯೋ. ಗುಂಡ್ಲುಪೇಟೆಯ ಗೆಳೆಯ ಹಾಸಿಗೆ ಹೊಲಿಯುವವನು. ಇಬ್ಬರೂ ಸೇರಿ ಮಾತಿಲ್ಲದ ಕಿರುಚಿತ್ರ ತೆಗೆಯುತ್ತೇವೆ. ಅವನು ಬೀಳುತ್ತಾನೆ, ನಾನು ಫೋನಿನಲ್ಲಿ ಹಿಡಿಯುತ್ತೇನೆ. "ಮಾತಿಲ್ದಿದ್ರೆ ಕೇರಳದೋರೂ ನಗ್ತಾರೆ, ತಮಿಳ್ನಾಡೋರೂ ನಗ್ತಾರೆ ಕಣ್ಲಾ" ಅನ್ನುವುದು ಅವನ ಲೆಕ್ಕ. ಎಷ್ಟು ಬಿದ್ದರೂ ಬಿಡುವ ಆಸಾಮಿಯಲ್ಲ.

೧. ಬಾಳೆಸಿಪ್ಪೆ

ಹರವೆ ಹಳ್ಳಿಯ ಬೀದಿಯಲ್ಲಿ ನಾನು ಸಿಪ್ಪೆ ಹಾಕಿದೆ. ಗೆಳೆಯ ಪ್ಯಾಂಟಿನೊಳಗೆ ಹತ್ತಿ ತುಂಬಿಕೊಂಡು ಠೀವಿಯಿಂದ ಬರುವಷ್ಟರಲ್ಲಿ ಅಜ್ಜಿಯೊಬ್ಬರು ಅದನ್ನೆತ್ತಿ ಚರಂಡಿಗೆಸೆದರು. ಇನ್ನೊಂದು ಹಾಕಿದೆ. ಅದನ್ನೂ ಎಸೆದರು.

"ಯಾರಾರ ಜಾರಿ ಬಿದ್ರೆ ಏನ್ಲಾ ಗತಿ?"

"ಬೀಳ್ಲಿ ಅಂತ್ಲೇ ಹಾಕಿರೋದು ಕಣಜ್ಜಿ."

ಊರುಗೋಲು ಮೇಲೆದ್ದಿತು. ನಾನು ಓಡಿದೆ. ಅವತ್ತು ಹರವೆಯಲ್ಲಿ ಜಾರಿ ಬಿದ್ದವನು ನಾನೊಬ್ಬನೇ. ಹತ್ತಿ ಇದ್ದದ್ದು ಮಾತ್ರ ಅವನ ಪ್ಯಾಂಟಿನಲ್ಲಿ.

೨. ತಾಯಿ ಕರುಳು

ಗೆಳೆಯ ಏಣಿಯಿಂದ ಉರುಳುವ ಚಿತ್ರ ನೋಡಿ ಅವನ ಮನೆಯವರೆಲ್ಲ ನಕ್ಕರು. ತಾಯಿ ಮಾತ್ರ ಕಣ್ಣೊರೆಸಿಕೊಂಡು ನನ್ನನ್ನು ಕರೆಸಿದರು.

"ನನ್ನ ಮಗ ಬೀಳ್ತಾ ಇದ್ದ, ನೀನು ಫೋನ್ ಹಿಡ್ಕೊಂಡು ನಿಂತಿದ್ದೆ. ಕೈ ಕೊಟ್ಟು ಎತ್ತೋಕೆ ಏನಾಗಿತ್ತು ಬೇಟಾ?"

"ಅಮ್ಮ, ಅದು ಆಕ್ಟಿಂಗು."

"ನೋವು?"

ಗೆಳೆಯ ಸೊಂಟ ಹಿಡಿದುಕೊಂಡು, "ಅದು ನಿಜ" ಅಂದ.

ಮುಂದಿನ ಶೂಟಿಂಗಿಗೆ ಅವರೇ ಬಂದು ಕೂತರು. ಮಗ ಉರುಳಿದ್ದೇ ತಡ, ನಡುವೆ ನುಗ್ಗಿ ಎತ್ತಿ ನಿಲ್ಲಿಸಿ ನನ್ನತ್ತ ತಿರುಗಿದರು. "ಹೀಗೆ ಎತ್ತಬೇಕು. ಕಲಿತುಕೋ."

೩. ಸೌಂಡು

ದೊಡ್ಡ ಪರದೆಯಲ್ಲಿ ತೋರಿಸಲೇಬೇಕೆಂದು ಗೆಳೆಯ ಪಟ್ಟು ಹಿಡಿದ. ಕುದೇರಿನಲ್ಲಿ ಸಂಜೆ ಬಿಳಿ ಬಟ್ಟೆ ಕಟ್ಟಿದೆವು. ನಮ್ಮ ಸ್ವಾಗತ ಭಾಷಣಕ್ಕೆಂದು ಬಂದಿದ್ದ ಮೈಕ್‌ಸೆಟ್‌ನವರು, ಚಿತ್ರ ಶುರುವಾದ ಮೇಲೂ ಸ್ಪೀಕರ್ ಮೌನವಾಗಿರುವುದನ್ನು ಕಂಡು ಬೆವೆತುಹೋದರು. ನಾನು ಪಕ್ಕಕ್ಕೆ ಹೋಗಿ, "ಅಣ್ಣ, ಇದ್ರಲ್ಲಿ ಸೌಂಡೇ ಇಲ್ಲ" ಅಂದೆ.

"ಗೊತ್ತಾಯ್ತು ಸಾರ್. ಒಂದ್ನಿಮ್ಸ, ಸರಿ ಮಾಡ್ಬುಡ್ತೀನಿ."

ವೈರು ಎಳೆದರು, ಸ್ಪೀಕರಿಗೆ ತಟ್ಟಿದರು, ಕೊನೆಗೆ ಪರದೆಯ ಮುಂದೆಯೇ ಸ್ಟೂಲು ಹತ್ತಿದರು. ಸ್ಟೂಲು ವಾಲಿತು. ಅವರು ಪರದೆ ಹಿಡಿದುಕೊಂಡರು. ಪರದೆ ಅವರ ಜೊತೆಗೇ ಕೆಳಗೆ ಬಂತು. ಎತ್ತಲು ಓಡಿದ ಗೆಳೆಯ ವೈರಿಗೆ ಕಾಲು ಸಿಕ್ಕಿ ಅವರ ಮೇಲೆಯೇ ಬಿದ್ದ. ಇಬ್ಬರೂ ಬಟ್ಟೆಯೊಳಗೆ ಹೊರಳಾಡುತ್ತಿದ್ದರೆ ಸಿನಿಮಾ ಅವರ ಬೆನ್ನ ಮೇಲೆ ಓಡುತ್ತಿತ್ತು. ಜನ ಹೊಟ್ಟೆ ಹಿಡಿದುಕೊಂಡು ನೆಲಕ್ಕೆ ಕೂತರು.

ಕೊನೆಗೆ ಬಟ್ಟೆಯಿಂದ ತಲೆ ಹೊರಹಾಕಿದ ಮೈಕ್‌ಸೆಟ್‌ನವರು ನನಗೆ ಕೈಮುಗಿದರು.

"ಕ್ಷಮಿಸ್ಬುಡಿ ಸಾರ್. ಏನ್ ಮಾಡುದ್ರೂವೆ ಸೌಂಡು ಬರ್ಲೇ ಇಲ್ಲ."