ಯಾರೂ ಕೂರದ ಮೀಸಲು ಸೀಟು

ವಕೀಲರ ಮನೆಯ ಜಗಲಿಯಲ್ಲಿ ನಗು ಬರುವಂಥದ್ದು ನಡೆಯದ ವರ್ಷವಿಲ್ಲ. ನಗುವವರು ಮಾತ್ರ ಸಾಮಾನ್ಯವಾಗಿ ಕಕ್ಷಿಗಾರರಲ್ಲ. ನಮ್ಮವರು ತಿಪಟೂರಿನಲ್ಲಿ ವಕೀಲರು. ನಾನು ಕಾನ್ವೆಂಟಿನಲ್ಲಿ ಓದಿದವಳಾದ್ದರಿಂದ ಇಂಗ್ಲಿಷ್ ಅರ್ಜಿಗಳನ್ನು ಟೈಪ್ ಮಾಡುವ, ತಪ್ಪು ತಿದ್ದುವ ಕೆಲಸ ನನ್ನದು. ಎಂಬತ್ತರ ದಶಕದಲ್ಲಿ ಪಿಯುಸಿ ಫಲಿತಾಂಶ ಬಂತೆಂದರೆ ಎಂಜಿನಿಯರಿಂಗ್ ಸೀಟಿನ ಜಗಳಗಳು ನಮ್ಮ ಜಗಲಿ ಹತ್ತುತ್ತಿದ್ದವು. ಅವುಗಳಲ್ಲಿ ಒಂದನ್ನು ಮರೆಯಬೇಕೆಂದರೂ ಮರೆಯಲಾಗಿಲ್ಲ.

ಸೀಲು

ಕಿಬ್ಬನಹಳ್ಳಿ ಕಡೆಯ ತೆಂಗಿನ ತೋಟದ ಯಜಮಾನರೊಬ್ಬರು ಮಗಳನ್ನು ಕರೆದುಕೊಂಡು ಬಂದರು. ಹಳ್ಳಿ ಶಾಲೆಯಲ್ಲಿ ಓದಿದವರಿಗೆಂದು ಮೀಸಲಿಟ್ಟ ಸೀಟಿಗೆ ಹುಡುಗಿ ಅರ್ಜಿ ಹಾಕಿದ್ದಳು. ಅಂಕಗಳು ಬೇಕಾದಷ್ಟಿದ್ದವು. ಆದರೆ ಅವಳ ಶಾಲೆಯ ಸೀಲಿನಲ್ಲಿ, ಅಂಚೆಯ ಅನುಕೂಲಕ್ಕೆಂದು, ಹಳ್ಳಿಯ ಹೆಸರಿಗಿಂತ ದಪ್ಪಗೆ 'ತಿಪಟೂರು' ಎಂದಿತ್ತು. ನೀನು ಪೇಟೆಯವಳು ಎಂದು ಆಯ್ಕೆ ಸಮಿತಿ ಅವಳ ಹೆಸರನ್ನು ಕೈಬಿಟ್ಟಿತ್ತು.

ಹೈಕೋರ್ಟಿಗೆ ಹೋಗಬೇಕು, ತಡವಾದೀತು ಎಂದು ನಮ್ಮವರು ಎಚ್ಚರಿಸಿದರು. ಯಜಮಾನರಿಗೆ ಗಾಬರಿಯೇ ಇಲ್ಲ.

"ಆಗ್ಲಿ ಬುಡಿ ಸ್ವಾಮಿ. ನಮ್ಮ ತೋಟದಾಗೂ ಒಂದು ಮೀಸಲು ಮರ ಐತೆ. ದೇವ್ರಿಗೆ ಒಪ್ಸೋಗಂಟ ಅದರ ಕಾಯಿ ಯಾರೂ ಮುಟ್ಟಲ್ಲ, ಎಂಜಲು ಮಾಡಲ್ಲ. ಸರ್ಕಾರದ ಮೀಸಲು ಅದಕ್ಕಿಂತ ಕಡಿಮೆನಾ?"

ಇಪ್ಪತ್ತು ವರ್ಷ ವಕೀಲಿ ಮಾಡಿದ್ದ ನಮ್ಮವರು ಕನ್ನಡಕ ತೆಗೆದು ಒರೆಸತೊಡಗಿದರು.

ಫೋಟೋ

ಊರು ಹಳ್ಳಿಯೇ ಎಂದು ತೋರಿಸಲು ಫೋಟೋ ಬೇಕಿತ್ತು. ಇದ್ದದ್ದನ್ನು ಇದ್ದ ಹಾಗೆ ತೆಗೆಸಿ ಎಂದು ಎರಡು ಸಲ ಹೇಳಿ ಕಳಿಸಿದೆ. ಬಂದ ಫೋಟೋದಲ್ಲಿ ಗೋಡೆಗೆ ಹೊಸ ಸುಣ್ಣ. ಅಂಗಳದ ತುಂಬ ಬಾಡಿಗೆ ಕುರ್ಚಿಗಳು. ಬಾಗಿಲ ಮುಂದೆ ಯಾರೋ ಕೊಬ್ಬರಿ ವ್ಯಾಪಾರಿಯ ಸ್ಕೂಟರು.

"ದನಗಳೆಲ್ಲಿ?" ಎಂದೆ.

"ಹಿತ್ಲಾಗೆ ಕಟ್ಟಿದ್ದೆ ಕಣಮ್ಮ."

"ಕೊಟ್ಟಿಗೆಯೇ ಮುಖ್ಯ ಎಂದು ಹೇಳಿದ್ದೆನಲ್ಲ."

"ಜಡ್ಜು ನೋಡೋ ಫೋಟೋ ಅಮ್ಮಾವ್ರೆ. ಸಗಣಿ ತೋರ್ಸಕಾಯ್ತದಾ?"

ಮಗಳು ತಲೆ ತಗ್ಗಿಸಿಕೊಂಡೇ, "ಸ್ಕೂಟರ್ ಬೇಡ ಅಂದೆ ಮೇಡಂ. ನಿಂಗೆ ಮರ್ಯಾದೆ ಗೊತ್ತಿಲ್ಲ ಸುಮ್ಕಿರು ಅಂದ್ರು" ಎಂದಳು.

ಎದುರು ಪಕ್ಷದವರ ಕೈಗೆ ಸಿಗದಿರಲೆಂದು ಆ ಫೋಟೋವನ್ನು ನಮ್ಮ ಬೀರುವಿನಲ್ಲಿಟ್ಟು ಬೀಗ ಹಾಕಿದೆ.

ಸ್ಟೇ

ಬೆಂಗಳೂರಿನಿಂದ ತಂತಿ ಬಂದ ದಿನ ನಮ್ಮವರು ಊರಿನಲ್ಲಿರಲಿಲ್ಲ. ತೀರ್ಪು ಬರುವವರೆಗೆ ಒಂದು ಸೀಟನ್ನು ಯಾರಿಗೂ ಕೊಡದೆ ಖಾಲಿ ಇಡಬೇಕೆಂದು ಕೋರ್ಟು ತಡೆಯಾಜ್ಞೆ ಕೊಟ್ಟಿತ್ತು. ವಿಚಾರಿಸಲು ಬಂದ ಯಜಮಾನರಿಗೆ ನಾನು, "ಸ್ಟೇ ಸಿಕ್ಕಿದೆ" ಎಂದೆ. ಅಗತ್ಯಕ್ಕಿಂತ ಹೆಚ್ಚು ಮಾತಾಡಬಾರದೆಂದು ನಮ್ಮ ಕಾನ್ವೆಂಟಿನ ಸಿಸ್ಟರುಗಳು ಕಲಿಸಿದ್ದರು.

ಮೂರನೆಯ ದಿನ ಅಪ್ಪ, ಮಗಳು ಹಾಸಿಗೆ ಸುರುಳಿ, ಟ್ರಂಕು, ಒಂದು ಡಬ್ಬ ಚಟ್ನಿಪುಡಿ ಸಮೇತ ಕಾಲೇಜಿನಿಂದ ನೇರವಾಗಿ ನಮ್ಮ ಜಗಲಿಗೆ ಬಂದು ಕೂತರು. ಹುಡುಗಿಯ ಕಣ್ಣುಗಳು ಕೆಂಪಗಿದ್ದವು.

"ಸ್ಟೇ ಅಂದ್ರೆ ಉಳ್ಕಳಾದು ಅಂತ ಡಿಕ್ಷನರಿನಾಗೆ ಐತಂತೆ. ಹಾಸ್ಟೆಲ್ ರೂಮು ಸಿಕ್ತು ಅಂದ್ಕಂಡೊ" ಎಂದರು ಅಪ್ಪ.

ಡಿಕ್ಷನರಿ ತಪ್ಪು ಹೇಳಿರಲಿಲ್ಲ. ನಾನೂ ತಪ್ಪು ಹೇಳಿರಲಿಲ್ಲ. "ಕೋರ್ಟಿನಲ್ಲಿ ಸ್ಟೇ ಎಂದರೆ ತಡೆ" ಎಂದು ತಿದ್ದಿದೆ.

"ತಡೆದ್ರು ಕಣಮ್ಮ" ಎಂದರು ಯಜಮಾನರು. "ಗೇಟಿನಾಗೇ ತಡೆದ್ರು."

ಫಲ

ಕೇಸು ಐದು ವರ್ಷ ಎಳೆಯಿತು. ಹುಡುಗಿ ಒಂದು ವರ್ಷ ಮನೆಯಲ್ಲಿ ಕಾದಳು. ಆಮೇಲೆ ತಿಪಟೂರಿನಲ್ಲೇ ಬಿ.ಎಸ್‌ಸಿ. ಮುಗಿಸಿ, ತಾನು ಓದಿದ ಶಾಲೆಯಲ್ಲೇ ಗಣಿತ ಹೇಳಿಕೊಡಲು ಸೇರಿದಳು. ಸೀಲು ಮಾತ್ರ ಹಳೆಯದೇ. ಅವಳ ಜೊತೆಯವರು ಎಂಜಿನಿಯರಾಗಿ ಹೊರಬಿದ್ದ ಮೇಲೆ ತೀರ್ಪು ಬಂತು: ಅರ್ಜಿದಾರಳ ವಾದ ಸರಿ, ಆದರೆ ಆ ಸಾಲಿನ ಓದೇ ಮುಗಿದಿರುವುದರಿಂದ ಅರ್ಜಿ 'ಇನ್‌ಫ್ರಕ್ಚುಯಸ್'.

ಈ ಸಲ ಪೂರ್ತಿ ವಿವರಿಸಬೇಕೆಂದು ನಿರ್ಧರಿಸಿ, "ಇನ್ನು ಫಲವಿಲ್ಲ ಎಂದು ಅರ್ಥ" ಎಂದೆ.

ಯಜಮಾನರು ತೀರ್ಪಿನ ಕಾಗದವನ್ನು ಪಕ್ಕದಲ್ಲಿ ಕೂತಿದ್ದ ಮಗಳ ಕೈಗೆ ಕೊಟ್ಟರು. "ಹೊಂಬಾಳೆ ಬುಡ್ತು, ಕಾಯಿ ಕಟ್ಟಲಿಲ್ಲ ಅನ್ನಿ."

ಇದಕ್ಕಿಂತ ಒಳ್ಳೆಯ ಅನುವಾದ ನನ್ನಿಂದ ಆಗುತ್ತಿರಲಿಲ್ಲ.

"ಮತ್ತೆ ಆ ಸೀಟು?"

"ಕೊನೆಯವರೆಗೂ ಖಾಲಿಯೇ ಇತ್ತು. ಯಾರೂ ಕೂರಲಿಲ್ಲ."

ಅವರು ಟವೆಲ್ಲು ಕೊಡವಿ ಹೆಗಲ ಮೇಲೆ ಹಾಕಿಕೊಂಡು ಎದ್ದರು. "ನಾನು ಅವತ್ತೇ ಅಂದಿರ್ಲಿಲ್ವಾ? ಮೀಸಲು ಅಂದ್ರೆ ಮೀಸಲೇ. ಯಾರೂ ಎಂಜಲು ಮಾಡ್ಲಿಲ್ಲ."

ಮಗಳು ಕಾಗದಗಳನ್ನು ಜೋಡಿಸಿ ಚೀಲಕ್ಕೆ ಹಾಕುತ್ತ, "ಹೂಂ ಕಣಪ್ಪ" ಎಂದಳು. "ದೇವ್ರೂ ತಿನ್ಲಿಲ್ಲ."