ಬೆಂಗೇರಿಯ ಮಂಟಾ ಮೀನು

ಮಗಳು ಸ್ನೇಹಲ್ ಒಂದನೇ ಇಯತ್ತೆಗೆ ಸೇರಿದ ದಿನ ದುರ್ಗೇಶ ಒಂದು ಮಾತು ಕೊಟ್ಟಿದ್ದ: "ವೇಷದ ಸ್ಪರ್ಧೆದಾಗ ನೀ ಏನ್ ಆಗ್ತೇನಿ ಅಂದ್ರೂ ನಾನ ಹೊಲದ ಕೊಡ್ತೇನಿ." ಬೆಂಗೇರಿಯಲ್ಲಿ ಆಟೋಗಳಿಗೆ ಸೀಟು, ಟಾಪು ಹೊಲಿಯುವವನಿಗೆ ಅದೇನು ದೊಡ್ಡದಲ್ಲ. ಸೂರ್ಯಕಾಂತಿ, ಪೋಸ್ಟ್ ಡಬ್ಬಿ, ಬದನೆಕಾಯಿ ಸುಸೂತ್ರವಾಗಿ ಮುಗಿದವು. ಐದನೇ ಇಯತ್ತೆಯಲ್ಲಿ, ಸ್ಪರ್ಧೆಯ ದಿನ ಬೆಳಿಗ್ಗೆ ಹಲ್ಲುಜ್ಜುತ್ತ ಆಕೆ ಅಂದಳು, "ಪಪ್ಪಾ, ನಾ ಮಂಟಾ ಮೀನ ಆಗ್ತೇನಿ."

ಆಕೆ ತೋರಿಸಿದ ಪುಸ್ತಕದ ಚಿತ್ರ ನೋಡಿ ದುರ್ಗೇಶ ಬೆವತ. ಗಾಳಿಗೆ ಉಲ್ಟಾ ಆದ ಛತ್ರಿಯಂಥ ಪ್ರಾಣಿ. ಬೆನ್ನು ಕಪ್ಪು, ಹೊಟ್ಟೆ ಬಿಳಿ, ಗೋಡೆಯಿಂದ ಗೋಡೆಗೆ ರೆಕ್ಕೆ. ಅಷ್ಟು ದೊಡ್ಡ ರೆಗ್ಜಿನ್ ಅಂಗಡಿಯಲ್ಲಿ ಇದ್ದದ್ದು ಒಂದೇ: ನೆರೆಮನೆಯ ಶರೀಫಸಾಬರ ಆಟೋಗೆಂದು ಹೊಲಿದಿಟ್ಟ ಹೊಸ ಟಾಪು. "ಮಳಿ ಬರೂದ್ರೊಳಗ, ಇವತ್ತ ಸಂಜಿಕ ಹಾಕಿಕೊಡ್ತೇನ್ರಿ ಕಾಕಾ" ಎಂದು ಅವರಿಗೂ ಮಾತು ಕೊಟ್ಟಾಗಿತ್ತು. ಕೇಳಿ ತರೋಣವೆಂದರೆ, ಆಟೋದ ಕನ್ನಡಿಗೆ ಬೆರಳು ತಾಗಿದರೂ ಮೂರು ದಿನ ಮಾತು ಬಿಡುವ ಮನುಷ್ಯ. ಕತ್ತರಿ ಹಾಕದೆ ಬರೀ ಸಡಿಲ ಹೊಲಿಗೆಯ ಟಾಕು ಹಾಕಿದರೆ ಸಂಜೆ ಬಿಚ್ಚಬಹುದಲ್ಲ ಎಂದುಕೊಂಡು ಆ ಟಾಪನ್ನೇ ಕೈಗೆತ್ತಿಕೊಂಡ.

ಟಾಕು ಮುಗಿಯುವಷ್ಟರಲ್ಲಿ ಶರೀಫಸಾಬರೇ ಬಂದು ಕುಳಿತರು. ಹಿಂದೆ ಕಾರವಾರದ ಮೀನಿನ ಲಾರಿ ಓಡಿಸಿದವರು.

"ಇದು ತೊರಕಿ ಜಾತಿ, ಚಪ್ಪಟಿ ಮೀನ. ಕೊಂಬ ಎರಡ ಇರ್ತಾವಲ್ಲ, ಅದಕ್ಕ ದೆವ್ವದ ಮೀನ ಅಂತಾರ."

ದೆವ್ವ ಎಂದದ್ದೇ ತಡ, ದುರ್ಗೇಶನ ಅವ್ವ ರುಕ್ಮವ್ವ ಸೌಟಿನ ಸಮೇತ ಹೊರಬಂದಳು. "ನನ್ನ ಮೊಮ್ಮಗಳನ್ನ ದೆವ್ವಾ ಮಾಡಾಕ ಹೊಂಟೀರೇನು?"

"ಅದು ಯಾರಿಗೂ ಕಡಿಯಂಗಿಲ್ಲಬೇ ಅಜ್ಜಿ," ಅಂದಳು ಸ್ನೇಹಲ್. "ಬಾಯಿ ತಕ್ಕೊಂಡ ಹೋಗತೈತಿ, ನೀರಾಗಿನ ಸಣ್ಣ ಸಣ್ಣ ಜೀವ ಸೋಸಿ ತಿಂತೈತಿ. ಮಂಟಾ ಅಂದ್ರ ಸ್ಪ್ಯಾನಿಶ್ ಭಾಷಾದಾಗ ಕಂಬಳಿ."

"ಕಂಬಳಿ ಅಂದ್ರ ಬ್ಯಾರೆ ಮಾತು. ಕಂಬಳಿ ಹಾಸದ ನಮ್ಮ ಮನ್ಯಾಗ ಒಂದ ಮದವಿ ಆಗಿಲ್ಲ," ಎಂದು ಸೌಟು ಇಳಿಯಿತು.

ಶರೀಫಸಾಬರು ರೆಕ್ಕೆ ಮುಟ್ಟಿ ನೋಡಿದರು. "ಮಾಲು ಛಲೋ ಐತಿ. ನನ್ನ ಟಾಪಿಗೂ ಇಂಥಾದ್ದ ಹಾಕೀ ಇಲ್ಲೋ?"

"ಇಂಥಾದ್ದ ಹಾಕೇನ್ರಿ." ದುರ್ಗೇಶ ಸುಳ್ಳು ಹೇಳಲಿಲ್ಲ.

ಟಾಪಿಲ್ಲದ ಅವರದೇ ಆಟೋದಲ್ಲಿ ಎಲ್ಲರೂ ಶಾಲೆಗೆ ಹೊರಟರು. ಎರಡೂ ಬದಿಗೆ ಚಾಚಿದ ರೆಕ್ಕೆ ಕಂಡು ಬಸ್ಸುಗಳೂ ಹಾದಿ ಬಿಟ್ಟವು. ವೇದಿಕೆಯ ಮೇಲೆ ಸ್ನೇಹಲ್ ಬಾಯಿ ತೆರೆದು ಎರಡು ಸುತ್ತು ತೇಲಿದಳು, ಮೊದಲ ಬಹುಮಾನ ಬಂತು. ದುರ್ಗೇಶನ ಕೈ ಆಗಲೇ ಟಾಕು ಬಿಚ್ಚಲು ತುರಿಸುತ್ತಿತ್ತು.

ಅಷ್ಟರಲ್ಲಿ ಶಾಲೆಯ ಮುಖ್ಯೋಪಾಧ್ಯಾಯಿನಿ, ಹೆಡ್ ಬಾಯಾರು, ಮೈಕು ಹಿಡಿದರು. "ಈ ಮೀನ ನಮ್ಮ ವಿಜ್ಞಾನದ ಖೋಲಿಗೆ ಕೊಡ್ತೀರೇನ್ರಿ? ಹುಡುಗೂರು ದಿನಾ ನೋಡ್ತಾವ."

"ಅದು... ಮನ್ಯಾಗ ಒಂದ ಮಾತ ಕೇಳಿ..." ಎನ್ನುತ್ತ ದುರ್ಗೇಶ ವೇದಿಕೆಯತ್ತ ನಡೆದ.

ಹಿಂದಿನ ಸಾಲಿನಿಂದ ಶರೀಫಸಾಬರು ಎದ್ದು ನಿಂತರು. "ಏನ್ ಕೇಳ್ತೀಯೋ ಅದರಾಗ? ಒಂದ ತುಂಡ ರೆಗ್ಜಿನ್‌ಗ ಇಷ್ಟ ಜಿಪುಣತನ ಮಾಡ್ತಾರ? ಬಾಯಾರ, ನಾ ಹೇಳಾಕತ್ತೇನಿ, ಇಟಗೋರಿ."

ಚಪ್ಪಾಳೆ ಬಿತ್ತು. ಪ್ಯೂನ್ ಆರು ಮೊಳೆ ತಂದು, ಸ್ನೇಹಲ್ ಬಿಚ್ಚಿಕೊಟ್ಟ ಮೀನನ್ನು ಎಲ್ಲರೆದುರೇ ವಿಜ್ಞಾನದ ಖೋಲಿಯ ಗೋಡೆಗೆ ಜಡಿದ.

ಹೊರಗೆ ಬಂದಾಗ ದಪ್ಪ ಹನಿ ಬೀಳತೊಡಗಿದ್ದವು. ಶರೀಫಸಾಬರು ಸೀಟು ಒರೆಸಿ ನಕ್ಕರು. "ಲಗೂ ಹತ್ತು. ಹೋದಕೂಡ್ಲೆ ಟಾಪ್ ಹಾಕಿಬಿಡು."

ಮಗಳಿಗೆ ಕೊಟ್ಟ ಮಾತು ಉಳಿಯಿತು. ಶರೀಫಸಾಬರಿಗೆ ಕೊಟ್ಟದ್ದು ಉಳಿಯಲಿಲ್ಲ.