ಇನ್ನೆರಡು ಗಂಟು

ಊರಿಗೊಬ್ಬಳೇ ಸಿನಿಮಾ ಎಡಿಟರ್ ಇದ್ದರೆ ಅವಳಿಗೆ ಫಜೀತಿಗಳು ತಪ್ಪುವುದಿಲ್ಲ. ಹನ್ನೊಂದು ವರ್ಷ ಮ್ಯೂನಿಕ್‌ನಲ್ಲಿ ಜರ್ಮನ್ ಸಿನಿಮಾಗಳನ್ನು ಎಡಿಟ್ ಮಾಡುತ್ತಿದ್ದೆ. ಆಮೇಲೆ ಗಂಡನಿಗೆ ಅಮೆರಿಕದ ಡಿಯರ್‌ಬಾರ್ನ್‌ನಲ್ಲಿ ಕೆಲಸವಾಯಿತು, ಹತ್ತಿರದ ರಾಚೆಸ್ಟರ್ ಹಿಲ್ಸ್‌ನಲ್ಲಿ ಮನೆ ಮಾಡಿದೆವು. ನನ್ನ ವೀಸಾದಲ್ಲಿ ಕೆಲಸ ಮಾಡುವಂತಿಲ್ಲ. ಪುಕ್ಕಟೆಯಾದರೆ ಮಾಡಬಹುದು ಎಂದು ಇಲ್ಲಿಯ ಕನ್ನಡಿಗರೆಲ್ಲ ಒಮ್ಮತದಿಂದ ತೀರ್ಮಾನಿಸಿದ್ದಾರೆ.

೧. ಹೊಗಳಿಕೆ

ಮ್ಯೂನಿಕ್‌ನಲ್ಲಿ ನನ್ನ ಮೊದಲ ಸಿನಿಮಾ. ಮೂರು ವಾರ ಒದ್ದಾಡಿ ಕಟ್ ಮಾಡಿದ ದೃಶ್ಯವನ್ನು ನಿರ್ದೇಶಕರು ನೋಡಿ, “ಕೆಟ್ಟದಾಗಿಲ್ಲ” ಎಂದಷ್ಟೇ ಹೇಳಿ ಕೋಟು ಹಾಕಿಕೊಂಡು ಹೊರಟುಹೋದರು. ಬಾತ್‌ರೂಮಿಗೆ ಹೋಗಿ ಅತ್ತೆ. ಸೌಂಡ್ ಕೆಲಸದವಳು ಬಾಗಿಲು ತಟ್ಟಿದಳು.

“ಯಾಕೆ ಅಳ್ತೀಯ? ಒಂಬತ್ತು ವರ್ಷದಿಂದ ಅವರ ಜೊತೆ ಇದ್ದೀನಿ, ನನಗಿನ್ನೂ ಅಷ್ಟು ಹೊಗಳಿಕೆ ಸಿಕ್ಕಿಲ್ಲ!”

ಹೇಳಿದ ಮೇಲೆ ಅವಳಿಗೂ ಅಳು ಬಂತು. ಇಬ್ಬರೂ ಸೇರಿ ಅತ್ತೆವು.

೨. ಒಂದೇ ಗಂಟು

ಆ ನಿರ್ದೇಶಕರು ಕಲಿಸಿದ ದೊಡ್ಡ ಪಾಠ, ಒಮ್ಮೆ ತೋರಿಸಿದ್ದನ್ನು ಮತ್ತೆ ತೋರಿಸಬಾರದು ಎಂಬುದು. ಇಲ್ಲಿ ಪಕ್ಕದ ಮನೆಯ ಧಾರವಾಡದ ಆಂಟಿ ಮಗನ ಮದುವೆಯ ವಿಡಿಯೋ ಕೊಟ್ಟಾಗ ಅದನ್ನೇ ಪಾಲಿಸಿದೆ. ತಾಳಿ ಕಟ್ಟುವಾಗ ಹುಡುಗ ಒಂದು ಗಂಟು ಹಾಕುತ್ತಾನೆ, ತಕ್ಷಣ ಹುಡುಗಿಯ ಕಣ್ಣು, ಅಲ್ಲಿಂದ ಅಕ್ಷತೆ. ಎಷ್ಟು ಚೆನ್ನಾಗಿ ಬಂತೆಂದು ನಾನೇ ಬೀಗಿದೆ. ಮರುದಿನ ಬೆಳಿಗ್ಗೆ ಆಂಟಿ ಬಾಗಿಲಲ್ಲಿ.

“ಏನವಾ, ಇನ್ನೆರಡು ಗಂಟು ಎಲ್ಲಿ ಅದಾವ?”

“ತೆಗೆದೆ ಆಂಟಿ. ಮೂರೂ ಒಂದೇ ಥರ ಇದ್ವಲ್ಲ.”

“ಹಂಗಾರ ನನ್ನ ಮಗನ ಮದುವಿ ಮೂರರಾಗ ಒಂದು ಪಾಲು ಆಗೈತಿ ಅನ್ನು!”

೩. ಎರಡು ಸೆಕೆಂಡ್

ರಾಜ್ಯೋತ್ಸವದ ಮಕ್ಕಳ ಡ್ಯಾನ್ಸ್ ಎಡಿಟ್ ಮಾಡಿದಾಗ ಒಬ್ಬ ತಾಯಿ ಫೋನ್ ಮಾಡಿದರು. “ಇನ್ನೊಬ್ಬರ ಮಗಳು ಆರು ಸೆಕೆಂಡ್ ಬಂದಿದಾಳೆ, ನನ್ನ ಮಗ ನಾಲ್ಕೇ. ಚೆಕ್ ಮಾಡಿದೀನಿ.” ಹುಡುಕಿ ಹುಡುಕಿ ಎರಡು ಸೆಕೆಂಡ್ ಸೇರಿಸಿದೆ. ಅದರಲ್ಲಿ ಮಗ ಮೂಗಿನಲ್ಲಿ ಬೆರಳಿಟ್ಟುಕೊಂಡಿದ್ದ. ತಾಯಿಗೆ ಪರಮಾನಂದವಾಯಿತು.

ನಗುತ್ತಲೇ ಕಂಪ್ಯೂಟರ್ ಮುಚ್ಚಿದೆ. ಆದರೆ ಮ್ಯೂನಿಕ್‌ನ ಆ ಕತ್ತಲೆ ಕೋಣೆ, ತಣ್ಣಗಾದ ಕಾಫಿ, ಒಂದು ಶಾಟ್ ಎಲ್ಲಿ ಮುಗಿಯಬೇಕೆಂದು ದಿನವಿಡೀ ಜಗಳವಾಡುತ್ತಿದ್ದ ಆ ಮುದುಕ ನಿರ್ದೇಶಕರು, ಎಲ್ಲ ಬೇಕೆನಿಸಿತು. ತುಂಬಾ ಬೇಕೆನಿಸಿತು.

೪. ಕೊನೆಯ ಹೆಸರು

ಮ್ಯೂನಿಕ್ ಬಿಡುವ ಮುಂಚೆ ನಾನು ಮುಗಿಸಿದ್ದ ಕೊನೆಯ ಸಿನಿಮಾ ಈಚೆಗೆ ಶಿಕಾಗೋಗೆ ಬಂತು. ಒಂದೇ ಒಂದು ಪ್ರದರ್ಶನ. ದೊಡ್ಡ ಪರದೆಯ ಮೇಲೆ ನನ್ನ ಹೆಸರು ಇನ್ನೊಮ್ಮೆ ಬರುತ್ತದೋ ಇಲ್ಲವೋ, ಇದೊಂದನ್ನು ಕಣ್ಣಾರೆ ನೋಡಲೇಬೇಕಿತ್ತು. ಗಂಡನಿಗೆ ರಜೆ ಸಿಗಲಿಲ್ಲ. “ನಾ ಬರ್ತೀನಿ ನಡಿ,” ಎಂದು ಆಂಟಿ ರೊಟ್ಟಿ, ಶೇಂಗಾ ಚಟ್ನಿ ಕಟ್ಟಿಕೊಂಡು ಕಾರು ಹತ್ತಿದರು. ಐದು ಗಂಟೆ ಡ್ರೈವ್ ಮಾಡಿ, ಶಿಕಾಗೋ ಹೊರವಲಯದ ಡೌನರ್ಸ್ ಗ್ರೋವ್‌ನ ಅವರ ತಂಗಿಯ ಮನೆಯಲ್ಲಿ ಕಾರು ಬಿಟ್ಟು, ಟ್ರೇನ್ ಹಿಡಿದು ಹೋದೆವು.

ಸಿನಿಮಾ ಮುಗಿಯಿತು. ಹೆಸರುಗಳು ಮೇಲೇರತೊಡಗಿದವು. ಉಸಿರು ಹಿಡಿದು ಕೂತೆ. ಆಗಲೇ ಆಂಟಿ ಎದ್ದು ನನ್ನೆದುರು ಬಂದು, ಎರಡೂ ಕೈ ಅಗಲಿಸಿ ದಪ್ಪ ಕೋಟು ಹಾಕಿಕೊಳ್ಳತೊಡಗಿದರು. “ಏಳವಾ, ಟ್ರೇನ್ ತಪ್ಪತೈತಿ!”

“ಆಂಟೀ, ಕೂತ್ಕೊಳ್ಳಿ! ನನ್ನ ಹೆಸರು!”

“ಎಲ್ಲಿ?” ಎಂದು ತಿರುಗಿದರು. ಅಷ್ಟರಲ್ಲಿ ಪರದೆಯ ಮೇಲೆ ಅಡುಗೆಯವರ ಹೆಸರು ಬಂದಿತ್ತು.

ನನ್ನ ಕಣ್ಣು ತುಂಬಿತು. ಆಂಟಿ ಪೆಚ್ಚಾಗಿ ಅರ್ಧ ಕೋಟಿನಲ್ಲೇ ಪಕ್ಕದಲ್ಲಿ ಕೂತು ನನ್ನ ಕೈ ಹಿಡಿದುಕೊಂಡರು. ಟ್ರೇನಿನ ಮಾತೇ ಎತ್ತಲಿಲ್ಲ. ಪರದೆ ಪೂರ್ತಿ ಕಪ್ಪಾದ ಮೇಲೆ ಮೆಲ್ಲಗೆ ಹೇಳಿದರು:

“ನೋಡವಾ, ಒಂದ ಸಲ ತೋರಿಸಿದ್ರ ಹಿಂಗ ಆಗತೈತಿ. ಅದಕ್ಕ ಮೂರು ಗಂಟು ಹಾಕೋದು.”